ಸೆರೆಮನೆ ರಜೆ: ಪೆರೋಲ್, ಫರ್ಲೋ ಮತ್ತು ಅವುಗಳ ಎಲ್ಲೆ

ಶಿಕ್ಷೆ ಅನುಭವಿಸುತ್ತಿರುವ ಕೈದಿಯನ್ನು ಅವಧಿ ಮುಗಿಯುವ ಮೊದಲೇ ಇಂತಿಷ್ಟು ದಿನಕ್ಕೆಂದು ಷರತ್ತು ಹಾಕಿ ಮನೆಗೆ ಕಳಿಸಿ, ಆ ದಿನಗಳು ಮುಗಿದ ಮೇಲೆ ಮತ್ತೆ ಒಳಗೆ ಸೇರಿಸಿಕೊಳ್ಳುವ ಏರ್ಪಾಡು ಸೆರೆಮನೆ ರಜೆ. ಇದರಲ್ಲಿ ಎರಡು ಬಗೆ. ಮನೆಯಲ್ಲಿ ಸಾವು, ಕಾಯಿಲೆ, ಮದುವೆ, ಬಿತ್ತನೆ, ಮನೆ ರಿಪೇರಿ ಎಂದು ಕಾರಣ ತೋರಿಸಿ ಪಡೆಯುವುದು ಪೆರೋಲ್. ದೀರ್ಘ ಶಿಕ್ಷೆಯ ಕೈದಿ ಒಂದಿಷ್ಟು ವರ್ಷಗಳನ್ನು ಸನ್ನಡತೆಯಿಂದ ಕಳೆದಿದ್ದರೆ, ವಿಶೇಷ ಕಾರಣ ಕೇಳದೆ, ಮನೆಯ ನಂಟು ಕಡಿದುಹೋಗದಿರಲಿ ಎಂದು ಕೊಡುವುದು ಫರ್ಲೋ. ಎರಡೂ ಜಾಮೀನಲ್ಲ, ಕ್ಷಮಾದಾನವೂ ಅಲ್ಲ. ಊರಲ್ಲಿ ಓಡಾಡಿಕೊಂಡಿದ್ದರೂ ಕಾನೂನಿನ ಕಣ್ಣಿಗೆ ಆತ ಸೆರೆಯಾಳೇ.

ಈ ಲೇಖನ ಕರ್ನಾಟಕದ ವ್ಯವಸ್ಥೆಯನ್ನು, ಅದರಲ್ಲೂ ಚಾಮರಾಜನಗರ ಜಿಲ್ಲೆಯ ಕೊಳ್ಳೇಗಾಲ, ಹನೂರು, ಯಳಂದೂರು ಸೀಮೆಯನ್ನು ಕಣ್ಣೆದುರಿಗಿಟ್ಟುಕೊಂಡು ಬರೆದದ್ದು. ಕೊಳ್ಳೇಗಾಲದಿಂದ ಮಲೆ ಮಹದೇಶ್ವರ ಬೆಟ್ಟಕ್ಕೆ ಹೋಗುವ ದಾರಿಯಲ್ಲಿ ಸಿಗುವ ಕಾಮಗೆರೆಯಂಥ ಊರಿನವನೊಬ್ಬ ಜೀವಾವಧಿ ಶಿಕ್ಷೆಗೆ ಒಳಗಾದರೆ ಸಾಮಾನ್ಯವಾಗಿ ಸೇರುವುದು ಮೈಸೂರು ಕೇಂದ್ರ ಕಾರಾಗೃಹವನ್ನು. ಮನೆಯವರು ಮುಖ ನೋಡಿ ಬರಬೇಕೆಂದರೆ ಒಂದು ದಿನದ ಕೂಲಿ ಬಿಡಬೇಕು. ಮನೆಗೂ ಸೆರೆಮನೆಗೂ ಇರುವ ಈ ದೂರವೇ ರಜೆಯ ಬೆಲೆ ಹೆಚ್ಚಿಸುತ್ತದೆ.

ಹಿನ್ನೆಲೆ

ಸಂವಿಧಾನದ ಏಳನೇ ಅನುಸೂಚಿಯಲ್ಲಿ ಸೆರೆಮನೆ ರಾಜ್ಯಪಟ್ಟಿಯ ವಿಷಯ. ಹಾಗಾಗಿ ಇಡೀ ದೇಶಕ್ಕೆ ಒಂದೇ ರಜೆ ನಿಯಮ ಎಂಬುದಿಲ್ಲ. ಒಂದು ರಾಜ್ಯದಲ್ಲಿ ಹಕ್ಕಿನಂತೆ ಸಿಗುವುದು ಪಕ್ಕದ ರಾಜ್ಯದಲ್ಲಿ ಹೆಸರೇ ಬದಲಾಗಿ, ಅವಧಿ ಬದಲಾಗಿ ಸಿಗುತ್ತದೆ. ಈ ಸೀಮೆಗೆ ಅದು ಹೊಸ ಅನುಭವವಲ್ಲ. 1956ರ ನವೆಂಬರ್ 1ರವರೆಗೆ ಕೊಳ್ಳೇಗಾಲ ಮದ್ರಾಸ್ ರಾಜ್ಯದ ಕೊಯಮತ್ತೂರು ಜಿಲ್ಲೆಗೆ ಸೇರಿತ್ತು. ಕೂಗಳತೆಯ ಯಳಂದೂರು ದಿವಾನ್ ಪೂರ್ಣಯ್ಯನವರ ಜಹಗೀರಾಗಿದ್ದು ಮೈಸೂರು ಸಂಸ್ಥಾನದ ಕಡೆಗಿತ್ತು. ಒಂದೇ ಸಂತೆಗೆ ಹೋಗಿಬರುವ ಎರಡು ಊರುಗಳ ಕೈದಿಗಳಿಗೆ ಎರಡು ಸರ್ಕಾರಗಳ ಸೆರೆಮನೆ ಕಾನೂನು. ಏಕೀಕರಣದ ನಂತರ ಬೆಳಗಾವಿ, ಧಾರವಾಡ, ವಿಜಯಪುರ ಮುಂಬಯಿಯ ನಿಯಮಗಳನ್ನು, ಕಲಬುರಗಿ ಹೈದರಾಬಾದಿನ ನಿಯಮಗಳನ್ನು ಹೊತ್ತುಕೊಂಡೇ ಬಂದವು. ಇವನ್ನೆಲ್ಲ ಒಂದು ಮಾಡಲು ಬಂದದ್ದು 1963ರ ಕಾರಾಗೃಹ ಅಧಿನಿಯಮ, ಅದರಡಿ 1974ರ ನಿಯಮಗಳು. ಈಗ ದಿನನಿತ್ಯದ ವ್ಯವಹಾರ ನಡೆಯುವುದು 2021ರ ಕರ್ನಾಟಕ ಕಾರಾಗೃಹಗಳು ಮತ್ತು ಸುಧಾರಣಾ ಸೇವೆಗಳ ಕೈಪಿಡಿಯ ಪ್ರಕಾರ.

ರಜೆ ಎಂಬುದು ಸೆರೆಮನೆಯ ಔದಾರ್ಯವಲ್ಲ, ಸುಧಾರಣೆಯ ಸಾಧನ ಎಂಬ ವಾದವನ್ನು ಕೋರ್ಟಿನ ಭಾಷೆಗೆ ತಂದವರಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಮುಖ್ಯರು. 1979ರ ಧರಮ್‌ವೀರ್ ಪ್ರಕರಣದಲ್ಲಿ ಉತ್ತರ ಪ್ರದೇಶದ ಇಬ್ಬರು ಎಳೆವಯಸ್ಸಿನ ಜೀವಾವಧಿ ಕೈದಿಗಳನ್ನು ಬಯಲು ಸೆರೆಮನೆಗೆ ಕಳಿಸಿ, ವರ್ಷಕ್ಕೆ ಎರಡು ವಾರ ಮನೆಗೆ ಹೋಗಿಬರಲು ಬಿಡಬೇಕೆಂದು ಅವರ ಪೀಠ ಹೇಳಿತು. ಆಮೇಲೆ ನ್ಯಾಯಮೂರ್ತಿ ಎ.ಎನ್. ಮುಲ್ಲಾ ಅಧ್ಯಕ್ಷತೆಯ ಜೈಲು ಸುಧಾರಣಾ ಸಮಿತಿ, ಕೇಂದ್ರ ಗೃಹ ಇಲಾಖೆಯ ಮಾದರಿ ಕೈಪಿಡಿಗಳು ಇದೇ ದಾರಿಯಲ್ಲಿ ನಡೆದವು. ದೇವನಹಳ್ಳಿ ತಾಲ್ಲೂಕಿನ ಕೋರಮಂಗಲದಲ್ಲಿರುವ ಬಯಲು ಬಂದೀಖಾನೆಯ ಹಿಂದೆಯೂ ಇದೇ ನಂಬಿಕೆಯಿದೆ: ಬಿಟ್ಟರೂ ಓಡಿಹೋಗದವನನ್ನು ಗೋಡೆಯೊಳಗೆ ಕೂಡಿಟ್ಟು ಪ್ರಯೋಜನವಿಲ್ಲ.

ಅರ್ಜಿ ಹೋಗುವ ದಾರಿ

ಕೈದಿಯಾಗಲಿ ಅವನ ಮನೆಯವರಾಗಲಿ ಕಾರಾಗೃಹದ ಮುಖ್ಯಸ್ಥರಿಗೆ ಅರ್ಜಿ ಕೊಡಬೇಕು. ಕಾರಣಕ್ಕೆ ದಾಖಲೆ ಬೇಕು. ಕಾಯಿಲೆಯಾದರೆ ಆಸ್ಪತ್ರೆಯ ಪತ್ರ, ಮದುವೆಯಾದರೆ ಲಗ್ನಪತ್ರಿಕೆ, ಜಮೀನಾದರೆ ಪಹಣಿ. ಅಲ್ಲಿಂದ ಕಡತ ಕೈದಿಯ ಊರಿನ ಪೊಲೀಸರ ವರದಿಗಾಗಿ ಹೊರಡುತ್ತದೆ. ಕಾಮಗೆರೆಯವನಾದರೆ ಮೈಸೂರಿನ ಸೆರೆಮನೆಯಿಂದ ಚಾಮರಾಜನಗರದ ಪೊಲೀಸ್ ವರಿಷ್ಠಾಧಿಕಾರಿ ಕಚೇರಿಗೆ, ಅಲ್ಲಿಂದ ಸ್ಥಳೀಯ ಠಾಣೆಗೆ. ಠಾಣೆಯವರು ಮನೆಯವರನ್ನು, ಅಕ್ಕಪಕ್ಕದವರನ್ನು, ಕೊಲೆಯಾದವನ ಕಡೆಯವರನ್ನು ವಿಚಾರಿಸಿ ಹೇಳಿಕೆ ಬರೆದುಕೊಳ್ಳುತ್ತಾರೆ. ವರದಿ ಬಂದ ದಾರಿಯಲ್ಲೇ ವಾಪಸಾಗುತ್ತದೆ. ಒಪ್ಪಿಗೆಯಾದರೆ ಕೈದಿ ಮುಚ್ಚಳಿಕೆ ಬರೆದುಕೊಡಬೇಕು, ಜಾಮೀನುದಾರರು ನಿಲ್ಲಬೇಕು, ಇರುವ ವಿಳಾಸ ತಿಳಿಸಬೇಕು, ಠಾಣೆಗೆ ಹೋಗಿ ಹಾಜರಿ ಹಾಕಬೇಕು, ಹೇಳಿದ ದಿನ ಹೇಳಿದ ಹೊತ್ತಿಗೆ ಸೆರೆಮನೆ ಬಾಗಿಲಲ್ಲಿರಬೇಕು.

ಕಾಗದದ ಮೇಲೆ ತೀರ್ಮಾನ ಸೆರೆಮನೆಯ ಅಧಿಕಾರಿಯದು. ನಡೆಯುವುದನ್ನು ನೋಡಿದರೆ ತೀರ್ಮಾನವಾಗುವುದು ಠಾಣೆಯ ವರದಿಯಲ್ಲಿ. ‘ಬಿಟ್ಟರೆ ಊರಲ್ಲಿ ಶಾಂತಿಭಂಗವಾಗಬಹುದು’ ಎಂಬರ್ಥದ ಒಂದು ಸಾಲು ಬಂದರೆ ಸಾಕು, ಉಳಿದ ದಾಖಲೆಗಳ ತೂಕ ಇಳಿದುಹೋಗುತ್ತದೆ. ಆ ಸಾಲು ಕೆಲವೊಮ್ಮೆ ನಿಜವೇ. ಕೊಲೆ ನಡೆದ ಬೀದಿಯಲ್ಲೇ ಎರಡೂ ಕುಟುಂಬ ಇನ್ನೂ ವಾಸವಿರುವ ಊರಿನಲ್ಲಿ ಸತ್ತವನ ತಾಯಿಯ ಹೆದರಿಕೆಯನ್ನು ನೆಪ ಎನ್ನಲಾಗದು. ಆದರೆ ಬಹಳ ಸಲ ಅದು ವಿಚಾರಿಸದೆ ಬರೆದ ಸಾಲು. ಬೇಡ ಎಂದು ಬರೆದ ಅಧಿಕಾರಿಗೆ ಯಾವ ಅಪಾಯವೂ ಇಲ್ಲ. ಬಿಡಬಹುದು ಎಂದು ಬರೆದು ಕೈದಿ ವಾಪಸ್ ಬಾರದಿದ್ದರೆ ವಿವರಣೆ ಕೊಡಬೇಕಾದವರು ಅವರೇ. ನಿಯಮ ಎಷ್ಟೇ ಉದಾರವಾಗಿದ್ದರೂ ಈ ಲೆಕ್ಕಾಚಾರ ಬದಲಾಗದಿದ್ದರೆ ರಜೆ ಸಿಗುವುದು ಕಷ್ಟ. ವ್ಯವಸ್ಥೆಯ ನಿಜವಾದ ದೋಷ ಇಲ್ಲಿದೆ ಎಂಬುದು ಈ ಲೇಖಕನ ಅಭಿಪ್ರಾಯ. ಗಟ್ಟಿ ಆಧಾರವಿಲ್ಲದ ಪೊಲೀಸ್ ವರದಿಯೊಂದನ್ನೇ ನೆಚ್ಚಿ ಅರ್ಜಿ ತಳ್ಳಿಹಾಕಬಾರದೆಂದು ಹೈಕೋರ್ಟ್ ಒಂದಲ್ಲ ಹಲವು ಸಲ ಹೇಳಿದೆ. ಮತ್ತೆ ಮತ್ತೆ ಹೇಳಬೇಕಾಗಿ ಬರುತ್ತಿದೆ ಎಂಬುದೇ ಆ ಮಾತು ಠಾಣೆಗಳವರೆಗೆ ತಲುಪಿಲ್ಲ ಎಂಬುದಕ್ಕೆ ಸಾಕ್ಷಿ.

ರಾಜ್ಯದ ಗಡಿ ದಾಟುವ ಪೆರೋಲ್ ಹೇಗಿರುತ್ತದೆ ಎಂಬುದಕ್ಕೆ ಬೆಂಗಳೂರಿನ ಪರಪ್ಪನ ಅಗ್ರಹಾರ ಸೆರೆಮನೆಯಲ್ಲಿದ್ದ ತಮಿಳುನಾಡಿನ ರಾಜಕಾರಣಿ ವಿ.ಕೆ. ಶಶಿಕಲಾ ಅವರದು ಎಲ್ಲರಿಗೂ ಗೊತ್ತಿರುವ ನಿದರ್ಶನ. 2017ರ ಫೆಬ್ರವರಿಯಲ್ಲಿ ಸೆರೆಮನೆ ಸೇರಿದ ಅವರು ಅದೇ ಅಕ್ಟೋಬರಿನಲ್ಲಿ ಗಂಡನ ಕಾಯಿಲೆಯ ಕಾರಣ ಕೊಟ್ಟು ಪೆರೋಲ್ ಕೇಳಿದರು. ದಾಖಲೆ ಸಾಲದು ಎಂದು ಮೊದಲ ಅರ್ಜಿ ಬಿದ್ದುಹೋಯಿತು. ಎರಡನೆಯದಕ್ಕೆ ಚೆನ್ನೈ ಪೊಲೀಸರ ವರದಿ ತರಿಸಿಕೊಂಡು ಐದು ದಿನ ಕೊಟ್ಟರು. ರಾಜಕೀಯ ಚಟುವಟಿಕೆ ಕೂಡದು, ಪತ್ರಕರ್ತರನ್ನು ಕಾಣಕೂಡದು, ಹೇಳಿದ ಮನೆಯಲ್ಲೇ ಇರಬೇಕು ಎಂಬ ಷರತ್ತುಗಳಿದ್ದವು. 2018ರ ಮಾರ್ಚ್ 20ರಂದು ಗಂಡ ಎಂ. ನಟರಾಜನ್ ತೀರಿಕೊಂಡಾಗ ಹದಿನೈದು ದಿನ ಸಿಕ್ಕಿತು. ಅವರು ಅವಧಿಗೆ ಮುಂಚೆಯೇ ಬೆಂಗಳೂರಿಗೆ ಮರಳಿದರು. ಹೆಸರಾಂತ ಕೈದಿಗೆ ಅರ್ಜಿ, ವರದಿ, ಆದೇಶ ಮೂರೂ ಕೆಲವೇ ದಿನಗಳಲ್ಲಿ ಮುಗಿದವು. ಸಾವಿನ ಸುದ್ದಿ ಹೊತ್ತ ಸಾಮಾನ್ಯರ ಅರ್ಜಿಗೂ ಇದೇ ವೇಗ ಬೇಕು, ಏಕೆಂದರೆ ಮಣ್ಣು ಮುಗಿದ ಮೇಲೆ ಬಂದ ಅನುಮತಿಯಿಂದ ಉಪಯೋಗವಿಲ್ಲ.

ಹೈಕೋರ್ಟಿನ ಬಾಗಿಲಲ್ಲಿ

ಅರ್ಜಿ ತಿರಸ್ಕೃತವಾದರೆ ಅಥವಾ ಉತ್ತರವೇ ಬಾರದಿದ್ದರೆ ಉಳಿಯುವುದು ಸಂವಿಧಾನದ 226ನೇ ವಿಧಿಯಡಿಯ ರಿಟ್ ಅರ್ಜಿ. ಚಾಮರಾಜನಗರ, ಮೈಸೂರು ಜಿಲ್ಲೆಯವರು ಬೆಂಗಳೂರಿನ ಪ್ರಧಾನ ಪೀಠಕ್ಕೆ ಹೋಗಬೇಕು. ಇತ್ತೀಚಿನ ವರ್ಷಗಳಲ್ಲಿ ಕರ್ನಾಟಕದ ಪೆರೋಲ್ ಕಾನೂನು ಬೆಳೆದದ್ದು ಇಂಥ ಅರ್ಜಿಗಳ ಮೇಲಿನ ಆದೇಶಗಳಿಂದಲೇ.

ಅವುಗಳಲ್ಲಿ ದೇಶದ ಗಮನ ಸೆಳೆದದ್ದು 2023ರ ಕೋಲಾರದ ಪ್ರಕರಣ. ಕೊಲೆ ಆರೋಪದಲ್ಲಿ ಶಿಕ್ಷೆಗೊಳಗಾಗಿ, ಜೀವಾವಧಿ ಇದ್ದದ್ದು ಮೇಲ್ಮನವಿಯಲ್ಲಿ ಹತ್ತು ವರ್ಷಕ್ಕಿಳಿದಿದ್ದ ಯುವಕನೊಬ್ಬನನ್ನು ಪ್ರೀತಿಸುತ್ತಿದ್ದ ಯುವತಿ, ಅವನ ತಾಯಿಯ ಜೊತೆಗೂಡಿ ಕೋರ್ಟಿಗೆ ಬಂದಳು. ಮನೆಯಲ್ಲಿ ಬೇರೆ ಗಂಡು ನೋಡುತ್ತಿದ್ದಾರೆ, ಮದುವೆಯಾಗಲು ಅವನನ್ನು ಬಿಡಿ ಎಂಬುದು ಬೇಡಿಕೆ. ಸರ್ಕಾರದ ಪರ ವಕೀಲರು ಕೊಟ್ಟ ಉತ್ತರ ನಿಯಮದ ಅಕ್ಷರಕ್ಕೆ ಸರಿಯಾಗಿತ್ತು, ಓದುವವರಿಗೆ ನಗುವನ್ನೂ ತರಿಸುತ್ತದೆ: ಬೇರೆ ಯಾರದೋ ಮದುವೆಗೆ ಹೋಗಲು ಪೆರೋಲ್ ಕೇಳಿದ್ದರೆ ನೋಡಬಹುದಿತ್ತು, ಕೈದಿ ತಾನೇ ಮದುಮಗನಾಗಲು ಕೈಪಿಡಿಯಲ್ಲಿ ಅವಕಾಶವಿಲ್ಲ. ನ್ಯಾಯಮೂರ್ತಿ ಎಂ. ನಾಗಪ್ರಸನ್ನ ಅವರು ಕೈಪಿಡಿಯ 636ನೇ ಖಂಡದಲ್ಲಿರುವ ‘ಇತರ ಅಸಾಧಾರಣ ಸಂದರ್ಭ’ದ ಉಪಖಂಡವನ್ನು ಎತ್ತಿಕೊಂಡು, ಇದು ಅಂಥ ಸಂದರ್ಭವೇ ಎಂದು ಹೇಳಿ ಏಪ್ರಿಲ್‌ನಲ್ಲಿ ಹದಿನೈದು ದಿನ ಬಿಡಲು ಆದೇಶಿಸಿದರು. ಮದುವೆ ನಡೆಯಿತು. ಮುಂದಿನ ವರ್ಷ ದಾಂಪತ್ಯಕ್ಕಾಗಿ, ಮಗು ಪಡೆಯುವುದಕ್ಕಾಗಿ ಮತ್ತೆ ಅರ್ಜಿ ಬಂದು ಮೂವತ್ತು ದಿನ ಸಿಕ್ಕಿತು. ಶಿಕ್ಷೆ ಕೈದಿಗೆ ಮಾತ್ರ, ಅವನನ್ನು ಕಾಯುವ ಹೆಣ್ಣಿಗಲ್ಲ ಎಂಬ ಸರಳ ವಿಚಾರ ಇಲ್ಲಿ ಕೆಲಸ ಮಾಡಿದೆ.

ಬೇಸಾಯದ ಪೆರೋಲ್ ಈ ಸೀಮೆಗೆ ಇನ್ನೂ ಹತ್ತಿರದ್ದು. ರಾಮನಗರ ಜಿಲ್ಲೆಯ ಜೀವಾವಧಿ ಕೈದಿಯೊಬ್ಬ ಮನೆಯಲ್ಲಿ ಜಮೀನು ನೋಡಿಕೊಳ್ಳುವ ಗಂಡು ದಿಕ್ಕಿಲ್ಲವೆಂದು ಕೇಳಿಕೊಂಡಾಗ 2024ರ ಕೊನೆಯಲ್ಲಿ ಹೈಕೋರ್ಟ್ ತೊಂಬತ್ತು ದಿನ ಕೊಟ್ಟಿತು. ಹನ್ನೊಂದು ವರ್ಷ ಒಳಗಿದ್ದ ಆತನಿಗೆ ಅಲ್ಲಿಯವರೆಗೆ ಒಮ್ಮೆಯೂ ಪೆರೋಲ್ ಸಿಕ್ಕಿರಲಿಲ್ಲ ಎಂಬುದನ್ನೂ ಗಮನಿಸಿತು. ಕೊಳ್ಳೇಗಾಲ, ಹನೂರಿನ ಕಡೆ ಮಳೆ ನಂಬಿದ ಹೊಲ, ಹಿಪ್ಪುನೇರಳೆ ತೋಟ, ರೇಷ್ಮೆ ಹುಳುವಿನ ಮನೆ ಇರುವವರಿಗೆ ಈ ಆದೇಶದ ಬೆಲೆ ಗೊತ್ತಾಗುತ್ತದೆ. ಹದಿನೈದು ದಿನದಲ್ಲಿ ಮದುವೆ ಮುಗಿಯುತ್ತದೆ, ಬೆಳೆ ಮುಗಿಯುವುದಿಲ್ಲ.

ಹಕ್ಕೋ ಕೃಪೆಯೋ

ಸುಪ್ರೀಂ ಕೋರ್ಟಿನ ಉತ್ತರ ಎರಡರ ನಡುವೆ ನಿಲ್ಲುತ್ತದೆ. 2017ರ ಅಸ್ಫಾಕ್ ಪ್ರಕರಣದಲ್ಲಿ ನ್ಯಾಯಮೂರ್ತಿ ಎ.ಕೆ. ಸಿಕ್ರಿ ಅವರ ಪೀಠ ಪೆರೋಲ್, ಫರ್ಲೋಗಳ ವ್ಯತ್ಯಾಸವನ್ನು ಬಿಡಿಸಿ ಹೇಳಿ, ಸುಧಾರಣೆಯೂ ಶಿಕ್ಷೆಯ ಒಂದು ಉದ್ದೇಶವಾದ್ದರಿಂದ ಘೋರ ಅಪರಾಧ ಎಂಬ ಒಂದೇ ಮಾತಿನಿಂದ ಬಾಗಿಲು ಹಾಕಬಾರದೆಂದಿತು. ಆದರೆ 2021ರ ಅಕ್ಟೋಬರಿನಲ್ಲಿ ಗುಜರಾತಿನ ನಾರಾಯಣ್ ಸಾಯಿ ಪ್ರಕರಣದಲ್ಲಿ ನ್ಯಾಯಮೂರ್ತಿಗಳಾದ ಡಿ.ವೈ. ಚಂದ್ರಚೂಡ್ ಮತ್ತು ಬಿ.ವಿ. ನಾಗರತ್ನ ಅವರು ಹೈಕೋರ್ಟ್ ಕೊಟ್ಟಿದ್ದ ಫರ್ಲೋವನ್ನು ರದ್ದುಮಾಡಿದರು. ಕಾರಣ ಕೇಳದೆ ಕೊಡುವ ರಜೆ ಎಂದ ಮಾತ್ರಕ್ಕೆ ಅದು ಪೂರ್ಣ ಹಕ್ಕಾಗುವುದಿಲ್ಲ, ಸಾರ್ವಜನಿಕ ಶಾಂತಿ ಮತ್ತು ಕೈದಿಯ ನಡತೆಯನ್ನು ಅಳೆದೇ ಕೊಡಬೇಕು ಎಂಬುದು ಅದರ ಸಾರ. ಎರಡನ್ನೂ ಕೂಡಿಸಿ ನೋಡಿದರೆ ಕೈದಿಗೆ ರಜೆ ಸಿಗಲೇಬೇಕೆಂಬ ಹಕ್ಕಿಲ್ಲ, ಅವನ ಅರ್ಜಿಯನ್ನು ಮನಸ್ಸಿಟ್ಟು ಪರಿಶೀಲಿಸಿ ಕಾರಣ ಸಹಿತ ಉತ್ತರ ಕೊಡಲೇಬೇಕೆಂಬ ಹಕ್ಕಿದೆ. ನೆರೆಯ ತಮಿಳುನಾಡಿಗೆ ಸಂಬಂಧಿಸಿದ 2020ರ ನಿಲೋಫರ್ ನಿಶಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇನ್ನೊಂದು ಗೆರೆ ಎಳೆಯಿತು: ರಜೆಯ ಅರ್ಜಿಯನ್ನು ಮೊದಲು ನೋಡಬೇಕಾದವರು ಅಧಿಕಾರಿಗಳು. ಹೇಬಿಯಸ್ ಕಾರ್ಪಸ್ ಹೆಸರಲ್ಲಿ ಹೈಕೋರ್ಟೇ ಆ ಕೆಲಸ ಮಾಡತೊಡಗಿದರೆ ನಿಯಮಗಳಿಗೆ ಅರ್ಥವಿರದು.

ತಮಿಳುನಾಡಿನಲ್ಲಿ ಪೆರೋಲ್ ಎಂಬ ಹೆಸರೇ ನಿಯಮದಲ್ಲಿಲ್ಲ. 1982ರ ಶಿಕ್ಷೆ ಅಮಾನತು ನಿಯಮಗಳ ಪ್ರಕಾರ ಅಲ್ಲಿರುವುದು ತುರ್ತು ರಜೆ ಮತ್ತು ಸಾಮಾನ್ಯ ರಜೆ. ರಾಜೀವ್ ಗಾಂಧಿ ಹತ್ಯೆ ಪ್ರಕರಣದ ನಳಿನಿ 2019ರ ಜುಲೈಯಲ್ಲಿ ಮಗಳ ಮದುವೆ ಸಿದ್ಧತೆಗೆ ಪಡೆದದ್ದು ಇಂಥ ರಜೆ. ಪಾಲಾರ್ ಹೊಳೆಯ ಈಚೆಗೂ ಆಚೆಗೂ ನೆಂಟಸ್ತನ ಇಟ್ಟುಕೊಂಡಿರುವ ಹನೂರು ಸೀಮೆಯ ಕುಟುಂಬಗಳು ಈ ವ್ಯತ್ಯಾಸ ತಿಳಿದಿರಬೇಕು. ಮಗ ಸೇಲಂ ಜೈಲಿನಲ್ಲಿದ್ದರೆ ಕರ್ನಾಟಕದ ಕೈಪಿಡಿ ತೋರಿಸಿ ಪ್ರಯೋಜನವಿಲ್ಲ.

ದಿನಗಳ ಲೆಕ್ಕ

ಫರ್ಲೋದಲ್ಲಿ ಕಳೆದ ದಿನ ಸಾಮಾನ್ಯವಾಗಿ ಶಿಕ್ಷೆಯ ದಿನವೆಂದೇ ಲೆಕ್ಕಕ್ಕೆ ಬರುತ್ತದೆ, ಪೆರೋಲಿನ ದಿನ ಬರುವುದಿಲ್ಲ. ಜೀವಾವಧಿ ಕೈದಿಗೆ ಇದು ದೊಡ್ಡ ಮಾತು. ಮರಣದಂಡನೆಗೂ ಅವಕಾಶವಿದ್ದ ಅಪರಾಧದಲ್ಲಿ ಜೀವಾವಧಿಗೆ ಒಳಗಾದವನು ಅವಧಿಪೂರ್ವ ಬಿಡುಗಡೆಗೆ ಮೊದಲು ಕನಿಷ್ಠ 14 ವರ್ಷ ನಿಜವಾಗಿ ಸೆರೆಯಲ್ಲಿರಬೇಕು. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯ 433ಎ ಕಲಂ ಹೇಳುತ್ತಿದ್ದುದನ್ನು 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 475ನೇ ಕಲಂ ಹೇಳುತ್ತದೆ. ಗೋವಾದ ಕೈದಿಗಳು ಪೆರೋಲಿನ ದಿನಗಳನ್ನೂ ಈ 14 ವರ್ಷದಲ್ಲಿ ಸೇರಿಸಿ ಎಂದು ಕೇಳಿದಾಗ 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಪ್ರಭಾವವಿರುವವರು ಪೆರೋಲ್ ಮೇಲೆ ಪೆರೋಲ್ ಪಡೆದು ಹೊರಗೇ ಶಿಕ್ಷೆ ಮುಗಿಸಿಬಿಡುತ್ತಾರೆ ಎಂಬ ಆತಂಕ ಅದರ ಹಿಂದಿತ್ತು. ಹಾಗಾಗಿ ವರ್ಷಕ್ಕೆ ಮೂವತ್ತು ದಿನದಂತೆ ಹತ್ತು ಸಲ ಪೆರೋಲ್ ಪಡೆದವನು ಬಿಡುಗಡೆಯ ಅರ್ಹತೆಗೆ ಮುನ್ನೂರು ದಿನ ಹೆಚ್ಚಿಗೆ ಕಾಯಬೇಕಾಗುತ್ತದೆ. ಅರ್ಜಿ ಬರೆಸುವ ಮನೆಯವರಿಗೆ ಇದನ್ನು ಯಾರೂ ಹೇಳುವುದಿಲ್ಲ.

ಮುನ್ನೆಚ್ಚರಿಕೆ ಬಂಧನದವರ ಲೆಕ್ಕ ಬೇರೆ. 2000ದ ಸುನಿಲ್ ಫೂಲ್‌ಚಂದ್ ಷಾ ಪ್ರಕರಣದಲ್ಲಿ ಸಂವಿಧಾನ ಪೀಠ ಅಂಥವರ ಪೆರೋಲ್ ದಿನಗಳು ಬಂಧನದ ಅವಧಿಯಲ್ಲೇ ಸೇರುತ್ತವೆ ಎಂದಿದೆ.

ಜೀವನಪರ್ಯಂತ ಮಾಫಿ (ಶಿಕ್ಷೆಯಲ್ಲಿ ಕಡಿತ) ಇಲ್ಲ ಎಂದು ಕೋರ್ಟೇ ಬರೆದಿಟ್ಟ ಶಿಕ್ಷೆಯಲ್ಲಿ ರಜೆ ಉಂಟೇ? ಈ ಬಗೆಯ ಶಿಕ್ಷೆ ನೆಲೆಯೂರಿದ್ದೇ ಬೆಂಗಳೂರಿನ ಪ್ರಕರಣವೊಂದರಲ್ಲಿ, 2008ರ ಸ್ವಾಮಿ ಶ್ರದ್ಧಾನಂದ ತೀರ್ಪಿನಲ್ಲಿ. ಇಷ್ಟು ವರ್ಷದಲ್ಲಿ ಒಂದು ದಿನದ ಪೆರೋಲೂ ಸಿಕ್ಕಿಲ್ಲ ಎಂದು ಆ ಕೈದಿ ಮುಪ್ಪಿನಲ್ಲಿ ಸುಪ್ರೀಂ ಕೋರ್ಟಿಗೆ ಹೇಳಿಕೊಂಡ. 2022ರ ಅತ್ಬೀರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಮಾಫಿ ಬೇರೆ, ಫರ್ಲೋ ಬೇರೆ, ಮಾಫಿ ಇಲ್ಲದವನೂ ಸನ್ನಡತೆಗೆ ಫರ್ಲೋ ಕೇಳಬಹುದು ಎಂದು ದೆಹಲಿಯ ನಿಯಮಗಳ ಹಿನ್ನೆಲೆಯಲ್ಲಿ ತೀರ್ಮಾನಿಸಿತು. ಸಾಯುವವರೆಗೆ ಒಳಗಿರಬೇಕಾದವನಿಗೆ ಒಳ್ಳೆಯವನಾಗಿರಲು ಉಳಿದಿರುವ ಒಂದೇ ಕಾರಣವನ್ನೂ ಕಿತ್ತುಕೊಳ್ಳಬಾರದು ಎಂಬ ಈ ತೀರ್ಮಾನ ಒಪ್ಪುವಂಥದ್ದು.

ಮಾದಕ ವಸ್ತು ಪ್ರಕರಣಗಳ ಬಗ್ಗೆ ಒಂದು ಮಾತು. ಕಾಡಂಚಿನ ಈ ತಾಲ್ಲೂಕುಗಳಲ್ಲಿ ಗಾಂಜಾ ಕೇಸು ಹೊಸದಲ್ಲ. ಅಂಥ ಶಿಕ್ಷೆಯಾದವರಿಗೆ ಪೆರೋಲ್ ಇಲ್ಲವೇ ಇಲ್ಲ ಎಂಬ ನಂಬಿಕೆ ಹರಡಿದೆ. ಮಾದಕ ವಸ್ತು (ಎನ್‌ಡಿಪಿಎಸ್) ಕಾಯ್ದೆಯ 32ಎ ಕಲಂ ಪೆರೋಲಿಗೆ ಅಡ್ಡಿಯಲ್ಲ ಎಂದು 2000ದಲ್ಲೇ ದಾದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

ರಜೆ ಇಲ್ಲದವರು: ವಿಚಾರಣಾಧೀನ ಕೈದಿಗಳು

ಮುನ್ನೆಚ್ಚರಿಕೆ ಬಂಧನದವರ ಪೆರೋಲನ್ನು ಬಿಟ್ಟರೆ, ಪೆರೋಲ್, ಫರ್ಲೋ ಎರಡೂ ಸಜಾಬಂಧಿಗಳಿಗೆ ಮಾತ್ರ. ತೀರ್ಪು ಬಾರದೆ ಒಳಗಿರುವವರಿಗೆ ಅವು ಅನ್ವಯಿಸವು. 2022ರ ಕೊನೆಗೆ ದೇಶದ ಸೆರೆಮನೆಗಳಲ್ಲಿದ್ದ ಸುಮಾರು 5.73 ಲಕ್ಷ ಜನರಲ್ಲಿ ನಾಲ್ಕರಲ್ಲಿ ಮೂರು ಪಾಲು ವಿಚಾರಣಾಧೀನರು. ಅಂದರೆ ಇಷ್ಟು ತೀರ್ಪು, ಇಷ್ಟು ನಿಯಮ ಎಲ್ಲವೂ ಉಳಿದ ಕಾಲುಪಾಲಿಗೆ. ಅಪರಾಧ ಸಾಬೀತಾದವನಿಗೆ ತಾಯಿಯ ಕ್ರಿಯೆಗೆ ಹೋಗಲು ನಿಯಮವಿದೆ, ಸಾಬೀತಾಗದವನಿಗೆ ಇಲ್ಲ. ಅವನು ವಿಚಾರಣಾ ನ್ಯಾಯಾಲಯಕ್ಕೆ ಹೋಗಿ ಮಧ್ಯಂತರ ಜಾಮೀನು ಕೇಳಬೇಕು, ಇಲ್ಲವೇ ಪೊಲೀಸ್ ಬೆಂಗಾವಲಿನಲ್ಲಿ ಕೆಲವು ಗಂಟೆ ಹೋಗಿಬರಲು ಅನುಮತಿ ಬೇಡಬೇಕು.

ಈ ಕೊರತೆಯ ಭಾರವನ್ನು ಹನೂರು, ಕೊಳ್ಳೇಗಾಲದಷ್ಟು ಹೊತ್ತ ಸೀಮೆ ಕರ್ನಾಟಕದಲ್ಲಿ ಕಡಿಮೆ. ಕಾಡುಗಳ್ಳ ವೀರಪ್ಪನ್ ಕಾಲದಲ್ಲಿ, 1992ರಲ್ಲಿ ಮೀಣ್ಯಂ ಬಳಿ ಪೊಲೀಸ್ ಅಧಿಕಾರಿಗಳಾದ ಹರಿಕೃಷ್ಣ ಮತ್ತು ಶಕೀಲ್ ಅಹಮದ್ ಹತ್ಯೆಯಾದ ಮೇಲೆ, 1993ರ ಏಪ್ರಿಲ್ 9ರ ಪಾಲಾರ್ ಸ್ಫೋಟದಲ್ಲಿ 22 ಜನ ಸತ್ತ ಮೇಲೆ, ಕಾಡಂಚಿನ ಊರುಗಳ ಬಹಳ ಜನ ಭಯೋತ್ಪಾದನೆ ತಡೆಯ ಟಾಡಾ ಕಾಯ್ದೆಯಡಿ ಸೆರೆಯಾದರು. ಟಾಡಾದಲ್ಲಿ ಜಾಮೀನು ಸಿಗುವುದು ದುಸ್ತರವಾಗಿತ್ತು. ಪೆರೋಲ್ ಕೇಳಲು ಅವರು ಅಪರಾಧಿಗಳೂ ಆಗಿರಲಿಲ್ಲ. 2000ದ ಜುಲೈ 30ರಂದು ವೀರಪ್ಪನ್ ಗಾಜನೂರಿನಿಂದ ನಟ ಡಾ. ರಾಜ್‌ಕುಮಾರ್ ಅವರನ್ನು ಹೊತ್ತೊಯ್ದು, ಈ ಟಾಡಾ ಕೈದಿಗಳನ್ನು ಬಿಡಬೇಕೆಂಬ ಷರತ್ತನ್ನೂ ಇಟ್ಟಾಗ ಮೈಸೂರು ಸೆರೆಮನೆಯಲ್ಲಿ ಇನ್ನೂ 51 ಮಂದಿ ಇದ್ದರು. ಸರ್ಕಾರ ಟಾಡಾ ಆರೋಪ ಹಿಂತೆಗೆದು ಅವರಿಗೆ ಜಾಮೀನಾಗಲು ದಾರಿ ಮಾಡಹೊರಟಿತು. ಹತ್ಯೆಯಾದ ಅಧಿಕಾರಿ ಶಕೀಲ್ ಅಹಮದ್ ಅವರ ತಂದೆ ಅಬ್ದುಲ್ ಕರೀಂ ಸುಪ್ರೀಂ ಕೋರ್ಟಿಗೆ ಹೋದರು. ನವೆಂಬರ್ 7ರಂದು ಕೋರ್ಟ್ ಆ ಹಿಂತೆಗೆತವನ್ನು ರದ್ದುಮಾಡಿತು. ಮಗನನ್ನು ಕಳೆದುಕೊಂಡ ತಂದೆಯ ವಾದ ಕಾನೂನಿಗೆ ಸರಿಯಾಗಿತ್ತು. ಆದರೆ ಮರುವರ್ಷ ಮೈಸೂರಿನ ವಿಶೇಷ ನ್ಯಾಯಾಲಯ ತೀರ್ಪು ಕೊಟ್ಟಾಗ ಆರೋಪಿಗಳಲ್ಲಿ ಬಹುಪಾಲು ಜನ ಖುಲಾಸೆಯಾದರು. ವರ್ಷಗಟ್ಟಲೆ ಒಳಗಿದ್ದು, ಹೆತ್ತವರ ಸಾವಿಗೂ ಮಕ್ಕಳ ಮದುವೆಗೂ ರಜೆ ಕೇಳಲು ನಿಯಮವೇ ಇಲ್ಲದೆ, ಕೊನೆಗೆ ನಿರಪರಾಧಿ ಎನಿಸಿಕೊಂಡವರು ಅವರಲ್ಲಿದ್ದರು. ಸೆರೆಮನೆ ರಜೆಯ ಕಾನೂನಿನಲ್ಲಿ ಇದಕ್ಕಿಂತ ದೊಡ್ಡ ಬಿರುಕು ಇನ್ನೊಂದಿಲ್ಲ.

ಅದೇ ಮೊಕದ್ದಮೆಗಳಲ್ಲಿ ಶಿಕ್ಷೆಯಾದವರಲ್ಲಿ ನಾಲ್ವರ ಕಥೆ ಇನ್ನೊಂದು ತುದಿಯದು. ಸುಪ್ರೀಂ ಕೋರ್ಟ್ 2004ರ ಜನವರಿಯಲ್ಲಿ ಅವರ ಜೀವಾವಧಿಯನ್ನು ಮರಣದಂಡನೆಗೆ ಏರಿಸಿತು. 2013ರ ಫೆಬ್ರವರಿಯಲ್ಲಿ ಕ್ಷಮಾದಾನದ ಅರ್ಜಿ ತಿರಸ್ಕೃತವಾಯಿತು. ಅರ್ಜಿ ಇತ್ಯರ್ಥಕ್ಕೆ ಆದ ವಿಳಂಬದ ಕಾರಣಕ್ಕೆ 2014ರ ಜನವರಿ 21ರಂದು ಶತ್ರುಘ್ನ ಚೌಹಾಣ್ ಪ್ರಕರಣದಲ್ಲಿ ಅದು ಮತ್ತೆ ಜೀವಾವಧಿಗೆ ಇಳಿಯಿತು. ಅವರಲ್ಲಿ ಹನೂರು ಕಡೆಯವನೇ ಆದ ಒಬ್ಬ ತೀವ್ರ ಕಾಯಿಲೆ ಬಿದ್ದಾಗ 2022ರ ಡಿಸೆಂಬರಿನಲ್ಲಿ ಮೈಸೂರು ಸೆರೆಮನೆಯಿಂದ ಹೊರಬಂದದ್ದು ಪೆರೋಲಿನಿಂದಲ್ಲ, ಸುಪ್ರೀಂ ಕೋರ್ಟ್ ಮಾನವೀಯ ನೆಲೆಯಲ್ಲಿ ಕೊಟ್ಟ ಜಾಮೀನಿನಿಂದ. ದಿನ ಎಣಿಸಿ ಕೊಡುವ ರಜೆ ವಾಸಿಯಾಗದ ಕಾಯಿಲೆಗೆ ಸಾಲದು.

ಹತ್ತಿರದ ಇನ್ನೊಂದು ಘಟನೆ 2018ರ ಡಿಸೆಂಬರ್ 14ರದು. ಸುಳ್ವಾಡಿಯ ಮಾರಮ್ಮನ ಗುಡಿಯಲ್ಲಿ ವಿಷ ಬೆರೆತ ಪ್ರಸಾದ ತಿಂದು 17 ಜನ ಸತ್ತರು. ಅಸ್ವಸ್ಥರನ್ನು ಹೊತ್ತ ವಾಹನಗಳು ಮೊದಲು ಓಡಿದ ಕಡೆಗಳಲ್ಲಿ ಕಾಮಗೆರೆಯ ಹೋಲಿಕ್ರಾಸ್ ಆಸ್ಪತ್ರೆಯೂ ಒಂದು. ಬಂಧಿತರಾದ ಆರೋಪಿಗಳು ವಿಚಾರಣಾಧೀನರಾದ್ದರಿಂದ ಅವರಿಗೂ ಇದ್ದದ್ದು ಜಾಮೀನಿನ ದಾರಿ ಮಾತ್ರ, ರಜೆಯದಲ್ಲ. ಇಂಥ ಪ್ರಕರಣ ನಡೆದ ಊರಿನಲ್ಲಿ ಆರೋಪಿಯ ಹಕ್ಕಿನ ಮಾತಾಡುವುದು ಸುಲಭವಲ್ಲ. ನಿಯಮವಾದರೋ ಊರಿನ ಸಿಟ್ಟು ನೋಡಿ ಬರೆಯುವಂಥದ್ದಲ್ಲ.

ದುರುಪಯೋಗ ಮತ್ತು ಅಸಮಾನತೆ

ರಜೆ ಮುಗಿದರೂ ಬಾರದಿದ್ದವನ ಮೇಲೆ ಹೊಸ ಮೊಕದ್ದಮೆ ಬೀಳುತ್ತದೆ, ಗಳಿಸಿದ ಮಾಫಿ ಹೋಗುತ್ತದೆ, ಜಾಮೀನುದಾರರ ಹಣ ಮುಟ್ಟುಗೋಲಾಗುತ್ತದೆ, ಮುಂದೆ ಪೆರೋಲ್ ಸಿಗುವುದು ಕನಸಿನ ಮಾತು. ಬಡವರ ಮಟ್ಟಿಗೆ ಈ ಮೂರನೆಯದೇ ದೊಡ್ಡ ಬೇಲಿ: ನೆಂಟರ ಜಮೀನು ಹೋಗುತ್ತದೆಂಬ ಹೆದರಿಕೆಗೆ ಹೊತ್ತಿಗೆ ಸರಿಯಾಗಿ ಮರಳುತ್ತಾರೆ. ಒಬ್ಬ ಬಾರದಿದ್ದರೆ ನೂರು ಜನರ ಅರ್ಜಿಗೆ ಕುತ್ತು. ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ 1986ರಲ್ಲಿ ವಾರಾಂತ್ಯದ ರಜೆಗೆ ಹೋದ ಕೊಲೆ ಅಪರಾಧಿಯೊಬ್ಬ ಮರಳದೆ, ಮರುವರ್ಷ ಅತ್ಯಾಚಾರ ಎಸಗಿ ಸಿಕ್ಕಿಬಿದ್ದ. ಅದು 1988ರ ಅಧ್ಯಕ್ಷೀಯ ಚುನಾವಣೆಯ ಪ್ರಚಾರದ ವಸ್ತುವಾಗಿ, ಆ ರಾಜ್ಯದ ಗವರ್ನರ್ ಆಗಿದ್ದ ಅಭ್ಯರ್ಥಿ ಮೈಕೆಲ್ ಡುಕಾಕಿಸ್ ಅವರಿಗೆ ಭಾರೀ ಪೆಟ್ಟು ಕೊಟ್ಟಿತು.

ನಮ್ಮಲ್ಲಿ ದುರುಪಯೋಗಕ್ಕಿಂತ ಕಣ್ಣಿಗೆ ಹೊಡೆಯುವುದು ಅಸಮಾನತೆ. 2022ರ ಕಾಯ್ದೆಯ ಪ್ರಕಾರ ಹರಿಯಾಣದಲ್ಲಿ ವರ್ಷಕ್ಕೆ ಹತ್ತು ವಾರ ಪೆರೋಲ್, ಮೂರು ವಾರ ಫರ್ಲೋ ಸಿಗುತ್ತದೆ. ಅಲ್ಲಿ ಡೇರಾ ಮುಖ್ಯಸ್ಥ ಗುರ್ಮೀತ್ ರಾಮ್ ರಹೀಮ್‌ಗೆ ಚುನಾವಣೆಗಳ ಹೊಸ್ತಿಲಲ್ಲಿ ಮತ್ತೆ ಮತ್ತೆ ರಜೆ ಸಿಕ್ಕಿದ್ದು ದೇಶವೆಲ್ಲ ನೋಡಿದ ಸಂಗತಿ. ಗುಜರಾತಿನ ಬಿಲ್ಕಿಸ್ ಬಾನೊ ಪ್ರಕರಣದ ಅಪರಾಧಿಗಳಲ್ಲಿ ಹಲವರು ಬಿಡುಗಡೆಗೆ ಮೊದಲೇ ಸಾವಿರಕ್ಕೂ ಹೆಚ್ಚು ದಿನ ರಜೆಯಲ್ಲಿ ಹೊರಗಿದ್ದವರು. ಅವರ ಅವಧಿಪೂರ್ವ ಬಿಡುಗಡೆಯನ್ನು 2024ರ ಜನವರಿ 8ರಂದು ನ್ಯಾಯಮೂರ್ತಿ ನಾಗರತ್ನ ಅವರ ಪೀಠ ರದ್ದುಮಾಡಿತು. ಹೋಲಿಸಿ ನೋಡಿದರೆ ಹನ್ನೊಂದು ವರ್ಷ ಒಮ್ಮೆಯೂ ಹೊರಬಾರದ ರಾಮನಗರದ ರೈತ ಇರುವುದು ಬೇರೆಯೇ ಲೋಕದಲ್ಲಿ.

ಕೋವಿಡ್ ಕಾಲ ಇದಕ್ಕೊಂದು ಅಪವಾದ. 2020ರ ಮಾರ್ಚ್ 23ರಂದು ಸುಪ್ರೀಂ ಕೋರ್ಟ್ ಪ್ರತಿ ರಾಜ್ಯದಲ್ಲೂ ಉನ್ನತಾಧಿಕಾರ ಸಮಿತಿ ರಚಿಸಿ ಕೈದಿಗಳನ್ನು ಬಿಡುವ ಬಗ್ಗೆ ತೀರ್ಮಾನಿಸಲು ಹೇಳಿತು. 2021ರ ಮೇ ತಿಂಗಳಲ್ಲಿ, ಮೊದಲ ಅಲೆಯಲ್ಲಿ ಪೆರೋಲ್ ಪಡೆದವರಿಗೆ ಮತ್ತೆ ತೊಂಬತ್ತು ದಿನ ಕೊಡಲು ಸೂಚಿಸಿತು. ಹೀಗೆ ಹೋದವರೆಲ್ಲ ಹದಿನೈದು ದಿನದೊಳಗೆ ಶರಣಾಗಬೇಕೆಂದು ಆದೇಶಿಸಿದ್ದು 2023ರ ಮಾರ್ಚ್‌ನಲ್ಲಿ. ಅಷ್ಟು ದಿನ ಮನೆಯಲ್ಲಿದ್ದು, ಮಕ್ಕಳಿಗೆ ಒಗ್ಗಿಕೊಂಡು, ಕೂಲಿಗೆ ಸೇರಿಕೊಂಡು, ಮತ್ತೆ ಚೀಲ ಹಿಡಿದು ಹೊರಟವರ ಸಂಕಟ ಯಾವ ವರದಿಯಲ್ಲೂ ಬರಲಿಲ್ಲ.

ಮುಂದಿನ ದಿನಗಳಿಗೆ ಕೇಂದ್ರ ಗೃಹ ಇಲಾಖೆ 2023ರಲ್ಲಿ ಮಾದರಿ ಕಾರಾಗೃಹ ಮತ್ತು ಸುಧಾರಣಾ ಸೇವೆಗಳ ಕಾಯ್ದೆಯ ಕರಡನ್ನು ರಾಜ್ಯಗಳಿಗೆ ಕಳಿಸಿದೆ. ರಜೆಯಲ್ಲಿರುವ ಕೈದಿಗೆ, ಅವನು ಒಪ್ಪಿದರೆ, ಇರುವ ಜಾಗ ತಿಳಿಸುವ ಎಲೆಕ್ಟ್ರಾನಿಕ್ ಪಟ್ಟಿ ಕಟ್ಟುವ ಪ್ರಸ್ತಾಪ ಅದರಲ್ಲಿದೆ. ಠಾಣೆಯ ವರದಿಯ ಮೇಲಿನ ಅವಲಂಬನೆ ಇದರಿಂದ ತಗ್ಗುವುದಾದರೆ ಲಾಭವೇ. ವರದಿಯೂ ಉಳಿದು ಪಟ್ಟಿಯೂ ಸೇರಿಕೊಂಡರೆ ಬಡ ಕೈದಿಗೆ ಇನ್ನೊಂದು ಷರತ್ತು ಹೆಚ್ಚಾದಂತಷ್ಟೆ.

ಅರ್ಜಿ ಹಾಕುವವರಿಗೆ

ಸೆರೆಯಲ್ಲಿರುವ ಯಾರಿಗೇ ಆಗಲಿ, ಆದಾಯ ಎಷ್ಟೇ ಇರಲಿ, 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನ ಪ್ರಕಾರ ಉಚಿತ ವಕೀಲರ ನೆರವು ಸಿಗಬೇಕು. ಪೆರೋಲ್ ಅರ್ಜಿ ಬರೆಸುವುದಕ್ಕೂ, ತಿರಸ್ಕಾರವಾದರೆ ಹೈಕೋರ್ಟಿಗೆ ಹೋಗುವುದಕ್ಕೂ ಇದನ್ನು ಕೇಳಬಹುದು. ಅರ್ಜಿ ಕೊಟ್ಟ ಪ್ರತಿಯ ಮೇಲೆ ದಿನಾಂಕದ ಸಮೇತ ಸ್ವೀಕೃತಿ ಹಾಕಿಸಿಕೊಳ್ಳುವುದನ್ನೂ, ತಿರಸ್ಕಾರದ ಆದೇಶವನ್ನು ಬರಹದಲ್ಲಿ ಕೇಳಿ ಪಡೆಯುವುದನ್ನೂ ಮರೆಯಬಾರದು; ಕೋರ್ಟು ಮೊದಲು ನೋಡುವುದು ಅವೆರಡನ್ನೇ. ಕಾಮಗೆರೆ, ಹನೂರು, ಯಳಂದೂರಿನವರು ತಾಲ್ಲೂಕು ಕಾನೂನು ಸೇವಾ ಸಮಿತಿಯನ್ನೋ ಚಾಮರಾಜನಗರದ ಜಿಲ್ಲಾ ಪ್ರಾಧಿಕಾರವನ್ನೋ ಕಾಣಬಹುದು. ದೂರವಾಣಿಯಲ್ಲಿ ಕೇಳುವವರಿಗೆ ರಾಷ್ಟ್ರೀಯ ಸಹಾಯವಾಣಿಯ ಸಂಖ್ಯೆ 15100.